ಗ್ರೂಂಡ್‌ಗೆನ್ಸ್‌ರ ಮೆಫಿಸ್ಟೊ: ರಂಗದಿಂದ ನ್ಯಾಯಾಲಯಕ್ಕೆ

ತೀರಿಹೋದವರ ಮಾನಕ್ಕೆ ಕಾನೂನು ಎಷ್ಟು ದಿನ ಕಾವಲು ನಿಲ್ಲಬೇಕು? ಜರ್ಮನಿಯಲ್ಲಿ ಈ ಪ್ರಶ್ನೆ ಎದ್ದರೆ ವಕೀಲರು ಇಂದಿಗೂ 'ಮೆಫಿಸ್ಟೊ ತೀರ್ಪು' ಎತ್ತುತ್ತಾರೆ. ಅದರ ಬೇರು ನಟ ಗುಸ್ಟಾಫ್ ಗ್ರೂಂಡ್‌ಗೆನ್ಸ್ ಅವರ ವೃತ್ತಿಜೀವನದಲ್ಲಿದೆ.

1899ರಲ್ಲಿ ಡ್ಯುಸೆಲ್‌ಡಾರ್ಫ್‌ನಲ್ಲಿ ಹುಟ್ಟಿದ ಅವರು ಪಳಗಿದ್ದು ಹ್ಯಾಂಬರ್ಗ್ ರಂಗಭೂಮಿಯಲ್ಲಿ. ಅಲ್ಲಿ 1925ರಲ್ಲಿ ಲೇಖಕ ಕ್ಲೌಸ್ ಮನ್ ಜೊತೆ ಆತನದೇ ನಾಟಕದಲ್ಲಿ ನಟಿಸಿದರು. ಮರುವರ್ಷ ಆತನ ಅಕ್ಕ ಎರಿಕಾರನ್ನು ಮದುವೆಯಾದರು. 1929ಕ್ಕೆ ವಿಚ್ಛೇದನ. 1931ರಲ್ಲಿ ಫ್ರಿಟ್ಸ್ ಲಾಂಗ್‌ರ 'ಎಂ' ಚಿತ್ರದಲ್ಲಿ ಚರ್ಮದ ಕೋಟು ತೊಟ್ಟ ಪಾತಕಿಗಳ ನಾಯಕನಾದರು. 1932ರ ಕೊನೆಯಲ್ಲಿ ಬರ್ಲಿನ್‌ನ ಸರ್ಕಾರಿ ರಂಗಮಂದಿರದಲ್ಲಿ ಗಯಟೆಯ 'ಫೌಸ್ಟ್' ನಾಟಕದ ಸೈತಾನ ಮೆಫಿಸ್ಟೊನ ಪಾತ್ರ ಸಿಕ್ಕಿತು. ಹೆಸರು ತಂದದ್ದೂ ಹೆಸರಿಗೆ ಅಂಟಿಕೊಂಡದ್ದೂ ಅದೇ.

ಕೆಲವೇ ವಾರಗಳಲ್ಲಿ ಹಿಟ್ಲರ್ ಅಧಿಕಾರಕ್ಕೆ ಬಂದ. ಬರ್ಲಿನ್‌ನ ಇತರ ಬಹಳಷ್ಟು ರಂಗಮಂದಿರಗಳ ಮೇಲೆ ಪ್ರಚಾರ ಸಚಿವ ಗೋಬೆಲ್ಸ್‌ನ ಹಿಡಿತವಿದ್ದರೂ ಈ ಸರ್ಕಾರಿ ರಂಗಮಂದಿರ ಪ್ರಷ್ಯಾ ರಾಜ್ಯದ ಮುಖ್ಯಸ್ಥ ಗೋರಿಂಗ್‌ಗೆ ಸೇರಿದ್ದು. ಆತ 1934ರಲ್ಲಿ ಗ್ರೂಂಡ್‌ಗೆನ್ಸ್‌ರನ್ನೇ ಅದರ ನಿರ್ದೇಶಕರನ್ನಾಗಿಸಿದ. ಆ ಕುರ್ಚಿಯ ಬಲದಿಂದ ಅವರು ಕೆಲವರನ್ನು ಉಳಿಸಿದ್ದೂ ನಿಜ: ರಾಜದ್ರೋಹದ ಮೊಕದ್ದಮೆಯಲ್ಲಿ ಸಿಕ್ಕಿದ್ದ ಕಮ್ಯುನಿಸ್ಟ್ ಗಾಯಕ ಎರ್ನ್ಸ್ಟ್ ಬುಷ್‌ಗೆ ವಕೀಲರನ್ನು ಹಿಡಿದುಕೊಟ್ಟರು, ಆತನಿಗೆ ಗಲ್ಲು ತಪ್ಪಿತು. ಯುದ್ಧ ಮುಗಿದು ಸೋವಿಯತ್ ಸೆರೆಯಲ್ಲಿ ತಿಂಗಳುಗಟ್ಟಲೆ ಕಳೆದ ಗ್ರೂಂಡ್‌ಗೆನ್ಸ್ ಪರ ಬುಷ್ ನಿಂತರು. ಆದರೆ ಆಡಳಿತಕ್ಕೆ ಮೆರುಗು ಕೊಟ್ಟ ಲೆಕ್ಕ ಇದರಿಂದ ಚುಕ್ತಾ ಆಗುವುದಿಲ್ಲ.

ದೇಶ ಬಿಟ್ಟಿದ್ದ ಕ್ಲೌಸ್ ಮನ್ 1936ರಲ್ಲೇ ಆಮ್‌ಸ್ಟರ್‌ಡ್ಯಾಂನಲ್ಲಿ 'ಮೆಫಿಸ್ಟೊ' ಕಾದಂಬರಿ ಪ್ರಕಟಿಸಿದ್ದ. ಅದರ ನಾಯಕ ಹೆಂಡ್ರಿಕ್ ಹೋಫ್‌ಗೆನ್ ಪದವಿಗಾಗಿ ನಾಜಿಗಳಿಗೆ ತನ್ನನ್ನೇ ಮಾರಿಕೊಳ್ಳುವ ನಟ. ಅದು ಯಾರ ಚಿತ್ರವೆಂದು ಓದುಗರಿಗೆ ಬಿಡಿಸಿ ಹೇಳಬೇಕಿರಲಿಲ್ಲ.

ಯುದ್ಧದ ನಂತರ ಗ್ರೂಂಡ್‌ಗೆನ್ಸ್ ಡ್ಯುಸೆಲ್‌ಡಾರ್ಫ್, ಬಳಿಕ ಹ್ಯಾಂಬರ್ಗ್ ರಂಗಮಂದಿರಗಳನ್ನು ನಡೆಸಿದರು. ಬಿಳಿ ಬಳಿದ ಮುಖ, ಮೇಲಕ್ಕೆ ಚಿಮ್ಮಿದ ಹುಬ್ಬು, ಕೆಂಪು ತುಟಿಯ ಅವರ ಹ್ಯಾಂಬರ್ಗ್ ಮೆಫಿಸ್ಟೊ 1960ರಲ್ಲಿ ಚಲನಚಿತ್ರವೂ ಆಯಿತು. 1963ರ ಅಕ್ಟೋಬರ್‌ನಲ್ಲಿ ಮನಿಲಾದಲ್ಲಿ ತೀರಿಕೊಂಡರು.

ಪಶ್ಚಿಮ ಜರ್ಮನಿಯ ನ್ಯೂಂಫೆನ್‌ಬುರ್ಗರ್ ಪ್ರಕಾಶನ 'ಮೆಫಿಸ್ಟೊ' ಕಾದಂಬರಿ ತರಲು ಹೊರಟಾಗ ಗ್ರೂಂಡ್‌ಗೆನ್ಸ್‌ರ ದತ್ತುಪುತ್ರ ಪೀಟರ್ ಗೋರ್ಸ್ಕಿ ತಡೆ ಕೋರಿದರು. ಹ್ಯಾಂಬರ್ಗ್‌ನ ಕೆಳ ನ್ಯಾಯಾಲಯ 1965ರಲ್ಲಿ ಅರ್ಜಿ ವಜಾ ಮಾಡಿತು. ಮರುವರ್ಷ ಮೇಲಿನ ನ್ಯಾಯಾಲಯ ಪುಸ್ತಕಕ್ಕೆ ನಿಷೇಧ ಹಾಕಿತು. 1968ರಲ್ಲಿ ಫೆಡರಲ್ ನ್ಯಾಯಾಲಯ ಅದನ್ನೇ ಎತ್ತಿಹಿಡಿಯಿತು. ಪ್ರಕಾಶಕರು ಕಲಾಸ್ವಾತಂತ್ರ್ಯದ ಹಕ್ಕು ಹಿಡಿದು ಸಂವಿಧಾನ ನ್ಯಾಯಾಲಯಕ್ಕೆ ಹೋದರು. 1971ರ ಫೆಬ್ರವರಿ 24ರಂದು ಆರು ನ್ಯಾಯಮೂರ್ತಿಗಳು ಮೂರು–ಮೂರಾಗಿ ಒಡೆದರು. ಮತ ಸಮನಾದರೆ ಸಂವಿಧಾನದ ಉಲ್ಲಂಘನೆ ಆಗಿದೆಯೆಂದು ಹೇಳಲು ಬರುವುದಿಲ್ಲ. ಹಾಗಾಗಿ ನಿಷೇಧ ಉಳಿಯಿತು. ಸತ್ತ ಮೇಲೂ ಮನುಷ್ಯಘನತೆಗೆ ರಕ್ಷಣೆಯುಂಟು, ನೆನಪು ಮಾಸಿದಂತೆ ಅದೂ ಸಡಿಲವಾಗುತ್ತದೆ ಎಂಬ ತತ್ವ ಆಗ ಗಟ್ಟಿಯಾಯಿತು.

ತಡೆಯಾಜ್ಞೆ ಇದ್ದದ್ದು ಆ ಒಬ್ಬ ಪ್ರಕಾಶಕರ ಮೇಲೆ ಮಾತ್ರ. 1981ರಲ್ಲಿ ರೋವೋಲ್ಟ್ ಸಂಸ್ಥೆ ಅದೇ ಕಾದಂಬರಿಯನ್ನು ಅಗ್ಗದ ಆವೃತ್ತಿಯಲ್ಲಿ ತಂದಿತು. ಯಾರೂ ದಾವೆ ಹೂಡಲಿಲ್ಲ.