ಎರಡು ದೋಣಿಯಲ್ಲಿ ಕಾಲಿಟ್ಟವನನ್ನು ಹುಡುಕಿ

ಪ್ರಶ್ನೆ: ಬ್ಯಾಸ್ಕೆಟ್‌ಬಾಲ್ ಆಡಲು ಶುರುಮಾಡಿ ಮೂರು ವರ್ಷವಾಯಿತು. ಒಬ್ಬನೇ ಅಭ್ಯಾಸ ಮಾಡುವಾಗ ಡ್ರಿಬಲ್, ಲೇಅಪ್, ಶಾಟ್ ಎಲ್ಲ ಚೆನ್ನಾಗಿಯೇ ಬರುತ್ತವೆ. ಪಂದ್ಯದಲ್ಲಿ ಚೆಂಡು ಕೈಗೆ ಬಂದ ಕೂಡಲೇ ಏನು ಮಾಡಬೇಕೆಂದೇ ತೋಚುವುದಿಲ್ಲ. ಕೋಚ್ ‘ತಲೆ ಎತ್ತು, ಆಟ ಓದು’ ಎಂದು ಕೂಗುತ್ತಲೇ ಇರುತ್ತಾರೆ. ತಲೆ ಎತ್ತಿದರೆ ಒಂಬತ್ತು ಜನ ಓಡಾಡುವುದು ಕಾಣುತ್ತದೆ, ಅಷ್ಟೇ. ಓದುವುದು ಅಂದರೆ ಏನನ್ನು? ಇದು ಕಲಿತರೆ ಬರುತ್ತದೋ, ಹುಟ್ಟಿನಿಂದಲೇ ಬರಬೇಕೋ?

ಉತ್ತರ: ನಿಮ್ಮ ಕೋಚ್ ಓದು ಅಂದರು, ಯಾವ ಪುಟ ಅಂತ ಹೇಳಲಿಲ್ಲ. ಅಷ್ಟೇ ಎಡವಟ್ಟು. ಒಂಬತ್ತು ಜನರನ್ನೂ ಒಟ್ಟಿಗೆ ನೋಡಲು ಹೊರಟರೆ ಯಾರಿಗೂ ಏನೂ ಕಾಣುವುದಿಲ್ಲ. ಆಟ ಗೊತ್ತಿದ್ದವರು ನಿಜಕ್ಕೂ ನೋಡುವುದು ಒಬ್ಬನನ್ನು, ಹೆಚ್ಚೆಂದರೆ ಇಬ್ಬರನ್ನು. ಆ ಒಬ್ಬ ಯಾರು ಎಂದು ಅವರಿಗೆ ಮೊದಲೇ ಗೊತ್ತಿರುತ್ತದೆ.

ಹುಟ್ಟಿನ ಮಾತನ್ನು ಮೊದಲು ಮುಗಿಸಿಬಿಡೋಣ. 1980ರಲ್ಲಿ ಕೆನಡಾದ ಸಂಶೋಧಕರು ಒಂದು ಪ್ರಯೋಗವನ್ನು ಪ್ರಕಟಿಸಿದರು. ಬ್ಯಾಸ್ಕೆಟ್‌ಬಾಲ್ ಆಡುವವರಿಗೂ ಆಡದವರಿಗೂ ಪಂದ್ಯದ ಚಿತ್ರಗಳನ್ನು ಕೆಲವೇ ಸೆಕೆಂಡು ತೋರಿಸಿ, ಯಾರು ಎಲ್ಲಿ ನಿಂತಿದ್ದರು ಎಂದು ನೆನಪಿನಿಂದ ಗುರುತಿಸಲು ಹೇಳಿದರು. ದಾಳಿ ಒಂದು ಕ್ರಮದಲ್ಲಿ ನಡೆಯುತ್ತಿದ್ದ ಚಿತ್ರಗಳಲ್ಲಿ ಆಟಗಾರರು ಬಹಳ ಮುಂದಿದ್ದರು. ಚೆಂಡು ಕಳೆದುಕೊಂಡು ಎಲ್ಲರೂ ಚೆಲ್ಲಾಪಿಲ್ಲಿಯಾಗಿದ್ದ ಚಿತ್ರಗಳಲ್ಲಿ ಆ ಮೇಲುಗೈ ಉಳಿಯಲಿಲ್ಲ. ಚದುರಂಗದ ಆಟಗಾರರ ಮೇಲೆ ಅದಕ್ಕೂ ಮೊದಲು ನಡೆದ ಪ್ರಯೋಗಗಳಲ್ಲೂ ಇದೇ ಕಂಡಿತ್ತು. ಅವರ ಕಣ್ಣು ಬೇರೆಯಲ್ಲ, ಪರಿಚಯ ಬೇರೆ. ಅಕ್ಷರ ಕೂಡಿಸಿ ಓದುವ ಮಗುವಿಗೂ, ಪದವನ್ನು ಒಂದೇ ನೋಟಕ್ಕೆ ಹಿಡಿಯುವ ನಮಗೂ ಇರುವಷ್ಟೇ ವ್ಯತ್ಯಾಸ.

ಇನ್ನು ಒಂದು ಸಣ್ಣ ಲೆಕ್ಕ. ಪಂದ್ಯ 40 ನಿಮಿಷದ್ದು, ಕೋರ್ಟಿನಲ್ಲಿ ಹತ್ತು ಜನ. ಸಮನಾಗಿ ಹಂಚಿದರೂ ಚೆಂಡು ನಿಮ್ಮ ಕೈಲಿರುವುದು ನಾಲ್ಕು ನಿಮಿಷಕ್ಕಿಂತ ಕಡಿಮೆ. ನೀವು ಯೋಚನೆಗೆಲ್ಲ ಇಟ್ಟುಕೊಂಡಿರುವುದು ಈ ನಾಲ್ಕು ನಿಮಿಷವನ್ನು. ಉಳಿದ 36 ನಿಮಿಷ ಚೆಂಡಿನ ಹಿಂದೆಯೇ ಕಣ್ಣು ಓಡಿಸುತ್ತ ಕಳೆಯುತ್ತಿದ್ದೀರಿ. ಚೆಂಡು ಬಂದ ಮೇಲೆ ಓದಲು ಕೂತರೆ ಪರೀಕ್ಷೆಯ ಹಾಲ್‌ನಲ್ಲಿ ಪುಸ್ತಕ ಬಿಚ್ಚಿದ ಹಾಗೆ.

ಈಗ ನಿಮ್ಮ ಅಸಲು ಪ್ರಶ್ನೆಗೆ ಬರೋಣ. ಏನನ್ನು ಓದಬೇಕು? ಎರಡು ದೋಣಿಯಲ್ಲಿ ಕಾಲಿಟ್ಟಿರುವ ಡಿಫೆಂಡರ್‌ನನ್ನು. ಪ್ರತಿ ದಾಳಿಯಲ್ಲೂ ಎದುರಾಳಿಗಳಲ್ಲಿ ಯಾರೋ ಒಬ್ಬನಿಗೆ ಒಂದೇ ಹೊತ್ತಿಗೆ ಎರಡು ಕೆಲಸ ಬೀಳುತ್ತದೆ: ತಾನು ಕಾಯಬೇಕಾದವನನ್ನೂ ಕಾಯಬೇಕು, ರಿಂಗ್ ಕಡೆ ನುಗ್ಗುತ್ತಿರುವವನನ್ನೂ ತಡೆಯಬೇಕು. ಅವನು ಯಾವ ದೋಣಿಗೆ ಹತ್ತುತ್ತಾನೆ ಎಂಬುದರ ಮೇಲೆ ನಿಮ್ಮ ಉತ್ತರ ನಿಂತಿದೆ.

ಪಿಕ್ ಅಂಡ್ ರೋಲ್ ತೆಗೆದುಕೊಳ್ಳಿ: ಒಬ್ಬ ಅಡ್ಡ ನಿಂತು ಜೊತೆಗಾರನಿಗೆ ದಾರಿ ಮಾಡಿಕೊಟ್ಟು, ಆಮೇಲೆ ತಾನು ರಿಂಗ್ ಕಡೆ ಓಡುವ ಆಟ. ಎಲ್ಲ ತಂಡಗಳೂ ಆಡುತ್ತವೆ, ಹಾಗಾಗಿ ಇದನ್ನು ಓದಲು ಬಂದರೆ ಅರ್ಧ ಆಟ ಬಂದ ಹಾಗೆ. ಮೂರು ಅಂಕದ ಗೆರೆಯ ಹೊರಗೆ, ಕೋರ್ಟಿನ ನಡುಭಾಗದಲ್ಲಿ ನೀವು ಡ್ರಿಬಲ್ ಮಾಡುತ್ತಿದ್ದೀರಿ. ನಿಮ್ಮ ತಂಡದ ಎತ್ತರದವನು ಬಂದು, ನಿಮ್ಮನ್ನು ಕಾಯುತ್ತಿರುವವನ ದಾರಿಗೆ ಅಡ್ಡ ನಿಲ್ಲುತ್ತಾನೆ. ಇದೇ ಸ್ಕ್ರೀನ್. ನೀವು ಭುಜಕ್ಕೆ ಭುಜ ತಾಗುವಷ್ಟು ಹತ್ತಿರದಿಂದ ಬಲಕ್ಕೆ ಹೊರಡುತ್ತೀರಿ. ನಿಮ್ಮನ್ನು ಕಾಯುತ್ತಿದ್ದವನು ಸ್ಕ್ರೀನ್‌ಗೆ ಸಿಕ್ಕಿಕೊಂಡ, ಒಂದೂವರೆ ಹೆಜ್ಜೆ ಹಿಂದೆ ಬಿದ್ದ. ಅವನನ್ನು ಮರೆತುಬಿಡಿ. ತಿರುಗಿ ನೋಡಿದರೆ ಆ ಒಂದೂವರೆ ಹೆಜ್ಜೆಯೂ ಹೋಯಿತು.

ಮೊದಲ ನೋಟ, ಸ್ಕ್ರೀನ್ ಕೊಟ್ಟವನನ್ನು ಕಾಯುತ್ತಿದ್ದ ದೊಡ್ಡವನ ಮೇಲೆ. ಅವನು ರಿಂಗ್ ಹತ್ತಿರಕ್ಕೆ ಇಳಿದು ಕೂತಿದ್ದರೆ ನಿಮ್ಮ ಎದುರು ನಾಲ್ಕೈದು ಹೆಜ್ಜೆ ಖಾಲಿ ಜಾಗವಿದೆ. ನಿಂತು ಶಾಟ್ ಹಾಕಬಹುದು, ಇಲ್ಲವೇ ಅವನು ಎದ್ದು ಬರುವವರೆಗೆ ಒಳಗೆ ಹೋಗುತ್ತಲೇ ಇರಬಹುದು. ಅವನೇ ಮುಂದೆ ಬಂದು ನಿಮ್ಮನ್ನು ತಡೆದರೆ ಅವನ ಬೆನ್ನ ಹಿಂದೆ ಜಾಗ ಖಾಲಿ, ನಿಮ್ಮ ಎತ್ತರದವನು ಅಲ್ಲಿಗೆ ಓಡುತ್ತಿರುತ್ತಾನೆ. ಆ ಇಬ್ಬರು ಡಿಫೆಂಡರ್‌ಗಳೂ ಅದಲುಬದಲಾದರೆ ಅವಸರವೇ ಬೇಡ: ನಿಧಾನದ ದೊಡ್ಡವನೊಬ್ಬ ನಿಮ್ಮ ಎದುರಿದ್ದಾನೆ, ಚಿಕ್ಕವನೊಬ್ಬ ನಿಮ್ಮ ಎತ್ತರದವನ ಬೆನ್ನಿಗೆ ಅಂಟಿಕೊಂಡಿದ್ದಾನೆ.

ಹೆಚ್ಚಿನವರ ಓದು ಇಲ್ಲಿಗೆ ನಿಲ್ಲುತ್ತದೆ. ಆಟ ಮಾತ್ರ ಇನ್ನೊಂದು ಪುಟ ಮುಂದಿದೆ. ನಿಮ್ಮ ಎತ್ತರದವನು ರಿಂಗ್ ಕಡೆ ಓಡುವಾಗ ಯಾರಾದರೂ ಅವನನ್ನು ತಡೆಯಲೇಬೇಕಲ್ಲ? ಆ ಕೆಲಸ ಬೀಳುವುದು ನೀವು ಹೊರಟ ಬದಿಗೆ ಎದುರು ಬದಿಯ ಕಾರ್ನರ್‌ನಲ್ಲಿ ಕಾಯುತ್ತಿರುವವನಿಗೆ. ನೋಡಿ, ಅವನೇ ನಮ್ಮ ಎರಡು ದೋಣಿಯವನು. ಒಂದು ಕಾಲು ಪೇಂಟ್ ಒಳಗೆ, ಅಂದರೆ ರಿಂಗ್ ಮುಂದಿನ ಚೌಕದೊಳಗೆ, ಮನಸ್ಸು ಹೊರಗೆ. ಅವನು ಬಿಟ್ಟುಬರುವ ಕಾರ್ನರ್ ಎಂಥ ಜಾಗ ಗೊತ್ತೇ? ಮೂರು ಅಂಕದ ಗೆರೆ ರಿಂಗ್‌ಗೆ ಅತಿ ಹತ್ತಿರ ಬರುವುದು ಅಲ್ಲೇ. ಅಂತರರಾಷ್ಟ್ರೀಯ ನಿಯಮದಲ್ಲಿ ಉಳಿದೆಡೆ 6.75 ಮೀಟರ್ ಇರುವ ದೂರ ಕಾರ್ನರ್‌ನಲ್ಲಿ 6.60. ಅಮೆರಿಕದ ವೃತ್ತಿಪರ ಲೀಗ್ ಎನ್‌ಬಿಎಯಲ್ಲಂತೂ 7.24 ಮೀಟರ್‌ನಿಂದ 6.71ಕ್ಕೆ ಇಳಿಯುತ್ತದೆ. ಸಹಾಯಕ್ಕೆ ಓಡಿಬರುವ ಜಾಗವೂ ಅದೇ, ಅಗ್ಗದ ಮೂರು ಅಂಕ ಸಿಗುವ ಜಾಗವೂ ಅದೇ. ಅದಕ್ಕೇ ಒಳ್ಳೆಯ ತಂಡಗಳು ಆ ಮೂಲೆಯಲ್ಲಿ ಒಬ್ಬ ಶೂಟರ್‌ನನ್ನು ಸುಮ್ಮನೆ ನಿಲ್ಲಿಸಿರುವುದು. ಅವನು ಕದಲದೆ ನಿಂತಿದ್ದರೂ ಕೆಲಸ ಮಾಡುತ್ತಲೇ ಇರುತ್ತಾನೆ.

ಆ ಮೂಲೆಯ ಡಿಫೆಂಡರ್‌ನ ಪಾದ ನೋಡಿ. ಎರಡೂ ಪಾದ ಒಳಗೆ ಬಂದವೋ, ಪಾಸ್ ಕಾರ್ನರ್‌ಗೆ. ಅಲ್ಲೇ ಅಂಟಿಕೊಂಡನೋ, ರಿಂಗ್ ಕಡೆ ಓಡುತ್ತಿರುವವನಿಗೆ. ಮುಖ ನೋಡಬೇಡಿ. ಮುಖವೂ ಕೈಯೂ ಸುಳ್ಳು ಹೇಳುತ್ತವೆ. ಸೊಂಟ ಮತ್ತು ಪಾದ ಹೇಳುವುದಿಲ್ಲ, ಅವುಗಳ ಮೇಲೆ ಇಡೀ ಮೈಭಾರ ಕೂತಿರುತ್ತದೆ. ಅವನು ಇನ್ನೂ ನಡುವೆಯೇ ತೂಗಾಡುತ್ತಿದ್ದರೆ ಇನ್ನೊಂದು ಡ್ರಿಬಲ್ ಮಾಡಿ, ಕಣ್ಣನ್ನು ರಿಂಗ್ ಕಡೆಗೇ ನೆಟ್ಟಿಡಿ. ನಿಮ್ಮ ಕಣ್ಣು ಹೋದ ಕಡೆಗೆ ಅವನ ಕಾಲು ಹೋಗುತ್ತದೆ. ದೊಡ್ಡ ಆಟಗಾರರು ಒಂದು ಕಡೆ ನೋಡುತ್ತ ಇನ್ನೊಂದು ಕಡೆ ಪಾಸ್ ಕೊಡುವುದು ಚಪ್ಪಾಳೆಗಾಗಿ ಎಂದು ನಾನು ಬಹಳ ದಿನ ಅಂದುಕೊಂಡಿದ್ದೆ. ಅದು ಹೆಲ್ಪ್‌ಗೆ ಬರುವವನನ್ನು ಬೇಕಾದ ದೋಣಿಗೆ ಹತ್ತಿಸುವ ಉಪಾಯ.

ನನ್ನದೊಂದು ಹಳೇ ಚಾಳಿ ಹೇಳಲೇ? ಖಾಲಿ ನಿಂತ ಜೊತೆಗಾರ ಕಂಡ ಕೂಡಲೇ ಚೆಂಡು ಎಸೆದುಬಿಡುತ್ತಿದ್ದೆ. ಒಂದು ಪಂದ್ಯದಲ್ಲಿ ಎಡಬದಿಯಲ್ಲಿ ನಮ್ಮವನು ಒಬ್ಬನೇ ನಿಂತು ಕೈ ಬೀಸುತ್ತಿದ್ದ. ಕೊಟ್ಟೆ. ಎಲ್ಲಿಂದಲೋ ಒಂದು ಕೈ ಬಂತು, ಚೆಂಡು ಹೋಯಿತು, ಆ ತುದಿಯಲ್ಲಿ ಲೇಅಪ್. ಎರಡು ನಿಮಿಷ ಬಿಟ್ಟು ಅದೇ ಪಾಸ್, ಅದೇ ಕೈ. ಬೆಂಚಿಗೆ ಬಂದು ಕೂತ ಮೇಲೆ ಹೊಳೆಯಿತು: ನಮ್ಮವನು ಖಾಲಿ ಇರಲಿಲ್ಲ, ಖಾಲಿ ಬಿಟ್ಟಿದ್ದರು. ಅವನನ್ನು ಕಾಯುವವನು ಎರಡು ಹೆಜ್ಜೆ ಹಿಂದೆ ಸರಿದು ಆ ಪಾಸ್‌ಗೇ ಹೊಂಚುಹಾಕಿದ್ದ. ನಾನು ನೋಡಿದ್ದು ನಮ್ಮವನ ಕೈಯನ್ನು, ನೋಡಬೇಕಾಗಿದ್ದು ಅವರವನ ಕಾಲನ್ನು.

ಇದೇ ಓದು ಅತಿ ದೊಡ್ಡ ವೇದಿಕೆಯಲ್ಲಿ ಹೇಗೆ ಕಾಣುತ್ತದೆ ಎಂದರೆ, 1997ರ ಎನ್‌ಬಿಎ ಫೈನಲ್ಸ್‌ನ ಆರನೇ ಪಂದ್ಯದ ಕೊನೆಗಳಿಗೆಯ ದಾಳಿ ನೋಡಿ. ಚಿಕಾಗೊ ಬುಲ್ಸ್, ಯೂಟಾ ಜಾಝ್ ತಲಾ 86. ಚೆಂಡು ಮೈಕೆಲ್ ಜೋರ್ಡಾನ್‌ಗೇ ಹೋಗುತ್ತದೆಂದು ಇಡೀ ಕ್ರೀಡಾಂಗಣಕ್ಕೆ ಗೊತ್ತು. ಅದಕ್ಕೆ ಮೊದಲಿನ ಟೈಮ್‌ಔಟ್‌ನಲ್ಲೇ ಜೋರ್ಡಾನ್ ಬುಲ್ಸ್ ಜೊತೆಗಾರ ಸ್ಟೀವ್ ಕೆರ್‌ಗೆ ಹೇಳಿಟ್ಟಿದ್ದರು: ನಿನ್ನನ್ನು ಕಾಯುವ ಜಾನ್ ಸ್ಟಾಕ್ಟನ್ ನನ್ನ ಮೇಲೆ ಬರುತ್ತಾನೆ, ಸಿದ್ಧನಾಗಿರು. ಸ್ಟಾಕ್ಟನ್ ಬಂದರು. ಪಾಸ್ ಹೋಯಿತು. ಐದು ಸೆಕೆಂಡು ಉಳಿದಿರುವಾಗ ಕೆರ್ ಶಾಟ್ ಒಳಗೆ ಬಿತ್ತು. ಆಮೇಲೆ ಇನ್ನೆರಡು ಅಂಕ ಸೇರಿ 90–86ರಲ್ಲಿ ಪಂದ್ಯವೂ ಪ್ರಶಸ್ತಿಯೂ ಚಿಕಾಗೊ ಪಾಲಾಯಿತು. ಜೋರ್ಡಾನ್ ಆ ಪುಟವನ್ನು ಓದಿ ಮುಗಿಸಿದ್ದು ಬೆಂಚಿನಲ್ಲಿ ಕೂತಿದ್ದಾಗ.

ನೀವು ಕೆರ್ ಜಾಗದಲ್ಲಿದ್ದೀರಿ ಅನ್ನಿ. ಆಗ ಓದಬೇಕಾದದ್ದು ಇನ್ನೂ ಸುಲಭ, ಸಮಯ ಮಾತ್ರ ಕಡಿಮೆ. ಪಾಸ್ ಗಾಳಿಯಲ್ಲಿರುವಾಗಲೇ ನಿಮ್ಮ ಕಡೆ ಓಡಿಬರುತ್ತಿರುವವನ ಮೇಲೊಂದು ಕಣ್ಣು ಹಾಯಿಸಿ. ದೂರದಲ್ಲೇ ನಿಂತು ಕೈ ಕೆಳಗಿಟ್ಟಿದ್ದರೆ ಶಾಟ್ ಹಾಕಿ. ನೆಟ್ಟಗೆ ನಿಂತೇ ದಡದಡನೆ ಮೈಮೇಲೆ ಬರುತ್ತಿದ್ದರೆ ಪಕ್ಕದಿಂದ ನುಗ್ಗಿ, ಅದೂ ಅವನು ಮುಂದಿಟ್ಟ ಕಾಲಿನ ಬದಿಯಿಂದ. ಆ ಕಡೆ ತಿರುಗಬೇಕಾದರೆ ಅವನು ಸೊಂಟವನ್ನೇ ಹೊರಳಿಸಬೇಕು, ಅಷ್ಟರಲ್ಲಿ ನೀವು ದಾಟಿರುತ್ತೀರಿ. ಇನ್ನೊಬ್ಬನೂ ನಿಮ್ಮತ್ತ ವಾಲಿದರೆ ಮುಂದಿನ ಪಾಸ್. ಇದೆಲ್ಲ ಅರ್ಧ ಸೆಕೆಂಡಿನಲ್ಲಿ ಆಗಬೇಕು ಎನ್ನುವ ಕೋಚ್‌ಗಳಿದ್ದಾರೆ. ಅವಸರ ಕಲಿಸಲು ಅಲ್ಲ. ಚೆಂಡು ಹಿಡಿದು ನಿಂತರೆ ಎರಡು ದೋಣಿಯವನು ತನ್ನ ದೋಣಿಗೆ ವಾಪಸಾಗುತ್ತಾನೆ, ಜೊತೆಗಾರರು ದುಡಿದು ತಂದ ಲಾಭ ಅಲ್ಲಿಗೆ ಚುಕ್ತಾ.

ಒಳ್ಳೆಯ ಶಾಟ್ ಯಾವುದು ಎಂಬುದಕ್ಕೆ ಸ್ವಲ್ಪ ಲೆಕ್ಕ ಬೇಕು, ಹೆದರಬೇಡಿ. ರಿಂಗ್ ಹತ್ತಿರದ ಎರಡು ಅಂಕದ ಶಾಟ್ 100ಕ್ಕೆ 50 ಬಿದ್ದರೆ ಸಿಗುವುದು 100 ಅಂಕ. ಮೂರು ಅಂಕದ ಶಾಟ್ 100ಕ್ಕೆ 34 ಬಿದ್ದರೂ 102. ಗೆರೆಯ ಮೇಲೆ ಕಾಲಿಟ್ಟು ಹಾಕಿದ ಉದ್ದದ ಎರಡು ಅಂಕದ ಶಾಟ್ 100ಕ್ಕೆ 40 ಬಿದ್ದರೆ 80 ಮಾತ್ರ. ಅರ್ಧ ಹೆಜ್ಜೆ ಹಿಂದೆ ನಿಲ್ಲದ್ದಕ್ಕೆ ಎಷ್ಟು ದಂಡ ನೋಡಿ! ಆದರೆ ಗಡಿಯಾರ ಈ ಬೆಲೆಗಳನ್ನೆಲ್ಲ ಬದಲಿಸುತ್ತದೆ. ಒಂದು ದಾಳಿಗೆ ಸಿಗುವ 24 ಸೆಕೆಂಡಿನಲ್ಲಿ 18 ಉಳಿದಿರುವಾಗ ಕೆಟ್ಟದ್ದಾದ ಶಾಟ್, ಎರಡು ಉಳಿದಿರುವಾಗ ತಪ್ಪೇನಲ್ಲ. ಕ್ವಾರ್ಟರ್ (ಪಂದ್ಯದ ಕಾಲುಭಾಗ) ಮುಗಿಯಲು 35 ಸೆಕೆಂಡು ಇದ್ದಾಗ ಚೆಂಡು ಸಿಕ್ಕರೆ ಬೇಗ ಶಾಟ್ ಹಾಕಿ: ಎದುರಾಳಿ 24 ಸೆಕೆಂಡನ್ನೂ ಬಳಸಿಕೊಂಡರೂ ಕೊನೆಯ ಸರದಿ ನಿಮ್ಮದೇ.

ಸ್ಕೋರ್‌ಬೋರ್ಡ್ ಓದುವುದೂ ಆಟ ಓದುವುದರ ಒಳಗೇ ಬರುತ್ತದೆ. ಇದನ್ನು ಸಣ್ಣ ವಿಷಯ ಅಂದುಕೊಳ್ಳಬೇಡಿ. 1993ರ ಅಮೆರಿಕದ ಕಾಲೇಜು ಫೈನಲ್‌ನಲ್ಲಿ ಮಿಶಿಗನ್ ತಂಡ ಎರಡು ಅಂಕ ಹಿಂದಿತ್ತು, 11 ಸೆಕೆಂಡು ಉಳಿದಿತ್ತು. ಕ್ರಿಸ್ ವೆಬರ್ ಟೈಮ್‌ಔಟ್ ಕೇಳಿದರು. ತಂಡದ ಬಳಿ ಟೈಮ್‌ಔಟ್ ಉಳಿದೇ ಇರಲಿಲ್ಲ. ಟೆಕ್ನಿಕಲ್ ಫೌಲ್ ಆಯಿತು, ಪಂದ್ಯ ಹೋಯಿತು. 2018ರ ಎನ್‌ಬಿಎ ಫೈನಲ್ಸ್ ಮೊದಲ ಪಂದ್ಯದಲ್ಲಿ 107–107 ಇದ್ದಾಗ, 4.7 ಸೆಕೆಂಡು ಉಳಿದಿರಲು, ಕ್ಲೀವ್‌ಲ್ಯಾಂಡ್‌ನ ಜೆ.ಆರ್. ಸ್ಮಿತ್ ರಿಂಗ್ ಕೆಳಗೇ ರಿಬೌಂಡ್ (ತಪ್ಪಿ ಪುಟಿದ ಚೆಂಡು) ಹಿಡಿದು, ತಮ್ಮ ತಂಡವೇ ಮುಂದಿದೆ ಎಂದುಕೊಂಡವರಂತೆ ಶಾಟ್ ಹಾಕದೆ ಹೊರಗೆ ಡ್ರಿಬಲ್ ಮಾಡಿಕೊಂಡು ಹೋದರು. ಓವರ್‌ಟೈಮ್‌ನಲ್ಲಿ ತಂಡ ಸೋತಿತು. ಲೆಬ್ರಾನ್ ಜೇಮ್ಸ್ ಹೊಡೆದ 51 ಅಂಕ ನೀರಿನಲ್ಲಿ ಹೋಮ. ಅಷ್ಟು ದೊಡ್ಡ ಆಟಗಾರರಿಗೇ ಹೀಗಾದಾಗ ನೀವು ಪ್ರತಿ ಸಲ ಆಟ ನಿಂತಾಗಲೂ ಅಂಕ, ಸಮಯ, ಫೌಲ್, ಟೈಮ್‌ಔಟ್ ನಾಲ್ಕನ್ನೂ ಬಾಯಲ್ಲೇ ಒಮ್ಮೆ ಹೇಳಿಕೊಳ್ಳಿ. ಪಕ್ಕದವನು ನಕ್ಕರೆ ನಗಲಿ.

ಅಭ್ಯಾಸಕ್ಕೆ ಇಬ್ಬರ ವಿರುದ್ಧ ಒಬ್ಬನ ಆಟಕ್ಕಿಂತ ಒಳ್ಳೆಯದು ನನಗೆ ಗೊತ್ತಿಲ್ಲ. ದಾಳಿಗೆ ಇಬ್ಬರು, ತಡೆಯಲು ಒಬ್ಬ. ಎರಡು ದೋಣಿಯ ಕಥೆಯೆಲ್ಲ ಅದರಲ್ಲೇ ಇದೆ. ನಿಯಮ ಒಂದೇ: ಅವನು ನಿಮ್ಮ ಕಡೆ ಹೆಜ್ಜೆ ಇಡುವವರೆಗೆ ಪಾಸ್ ಕೊಡಕೂಡದು. ಅದು ಸಲೀಸಾದ ಮೇಲೆ ಮೂವರ ವಿರುದ್ಧ ಇಬ್ಬರು, ಆಮೇಲೆ ಡ್ರಿಬಲ್ ಇಲ್ಲದೆ ಪೂರ್ತಿ ಆಟ. ಕೋನ್ ಇಟ್ಟು ಸುತ್ತಿ ಬರುವ ಅಭ್ಯಾಸ ಬಿಡಬೇಡಿ, ಆದರೆ ಕೋನ್ ಎಂದೂ ಹೆಲ್ಪ್‌ಗೆ ಓಡಿಬರುವುದಿಲ್ಲ ಎಂಬುದು ನೆನಪಿರಲಿ. ಪಂದ್ಯ ನೋಡುವಾಗಲೂ ಕಣ್ಣಿಗೆ ಕೆಲಸ ಕೊಡಿ. ಐದು ನಿಮಿಷ ಚೆಂಡನ್ನೇ ನೋಡದೆ, ಎದುರು ಬದಿಯ ಕಾರ್ನರ್ ಕಾಯುವವನನ್ನು ಮಾತ್ರ ನೋಡಿ. ಮೊದಮೊದಲು ಕಣ್ಣು ಜಾರಿ ಚೆಂಡಿನ ಬಳಿಗೇ ಓಡುತ್ತದೆ. ರೆಕಾರ್ಡ್ ಆದ ಪಂದ್ಯವಾದರೆ ಸ್ಕ್ರೀನ್ ಬಿದ್ದ ಕ್ಷಣ ನಿಲ್ಲಿಸಿ, ಹೆಲ್ಪ್‌ಗೆ ಯಾರು ಬರುತ್ತಾರೆ, ಪಾಸ್ ಎಲ್ಲಿಗೆ ಎಂದು ಗಟ್ಟಿಯಾಗಿ ಹೇಳಿ, ಆಮೇಲೆ ಮುಂದೆ ಓಡಿಸಿ.

ಒಂದು ಎಚ್ಚರಿಕೆ. ಸರಿಯಾಗಿ ಓದಿ ಕಾರ್ನರ್‌ಗೆ ಪಾಸ್ ಕೊಡುತ್ತೀರಿ, ಶೂಟರ್ ಮಿಸ್ ಮಾಡುತ್ತಾನೆ, ಬೈಗುಳ ನಿಮಗೆ ಬೀಳುತ್ತದೆ. ಅದರಿಂದ ನಿಮ್ಮ ಓದು ತಪ್ಪಾಗುವುದಿಲ್ಲ. ಮತ್ತೆ ಅದೇ ಡಿಫೆಂಡರ್ ಅದೇ ಹೆಜ್ಜೆ ಇಟ್ಟರೆ ಅದೇ ಪಾಸ್ ಕೊಡಿ. ಇನ್ನೊಂದು, ಹೊಸದಾಗಿ ಓದಲು ಹೊರಟ ಮೊದಲ ಎರಡು ಮೂರು ವಾರ ನಿಮ್ಮ ಆಟ ಈಗಿನದಕ್ಕಿಂತ ಕೆಡುತ್ತದೆ. ಕಣ್ಣು ಆ ಮೂಲೆಗೆ ಹೋದಾಗ ಡ್ರಿಬಲ್ ಕಾಲಿಗೆ ತಾಗುತ್ತದೆ, ಸುಲಭದ ಲೇಅಪ್ ತಪ್ಪುತ್ತದೆ. ಕೋಚ್‌ಗೆ ಇದನ್ನು ಮೊದಲೇ ಹೇಳಿಟ್ಟಿರಿ. ಓದು ಎಂದವರು ಅವರೇ ತಾನೆ.