ಶ್ಯಾರನ್ ಮೊದಲು, ಮ್ಯಾಗ್ಡಾ ಆಮೇಲೆ

ಶೇನ್ ವಾರ್ನ್ ಒಮ್ಮೆ ಶೇನ್ ವಾರ್ನ್‌ನ ನಕಲಿಯಾಗಿ ನಟಿಸಿದ್ದರು. 2007ರ ಮಾತು. 'ಕ್ಯಾಥ್ ಅಂಡ್ ಕಿಮ್' ಎಂಬ ಆಸ್ಟ್ರೇಲಿಯಾದ ಹಾಸ್ಯ ಸರಣಿ. ಅದರಲ್ಲಿ ವಾರ್ನ್ ಪಾತ್ರದ ಹೆಸರು ವೇಯ್ನ್. ಶೇನ್ ವಾರ್ನ್ ಥರ ವೇಷ ಹಾಕೋದೇ ಅವನ ಕಸುಬು! ಈ ವೇಯ್ನ್‌ಗೆ ಜೋಡಿಯಾಗಿ ಸಿಕ್ಕವಳು ಶ್ಯಾರನ್ ಸ್ಟ್ರೆಜ್‌ಲೆಕಿ. ದಪ್ಪ ಮೈ, ನೆಟ್‌ಬಾಲ್ ಸ್ಕರ್ಟು, ಆಗಾಗ ಕುತ್ತಿಗೆಗೋ ಕಣ್ಣಿಗೋ ಒಂದು ಪಟ್ಟಿ. ಕ್ರೀಡೆ ಅಂದರೆ ಪ್ರಾಣ ಬಿಡುವವಳು. ಪ್ರೀತಿಯಲ್ಲಿ ಮಾತ್ರ ಯಾವಾಗಲೂ ಸೋಲುವವಳು.

ಆ ಶ್ಯಾರನ್ ಆಗಿದ್ದವರು ಮ್ಯಾಗ್ಡಾ ಶುಬಾನ್ಸ್ಕಿ. ಅದಾಗಿ ಸರಿಯಾಗಿ ಹತ್ತು ವರ್ಷಕ್ಕೆ, 2017ರಲ್ಲಿ, ಸಲಿಂಗ ಮದುವೆಗೆ ಒಪ್ಪಿಗೆ ಕೊಡಬೇಕೇ ಬೇಡವೇ ಎಂದು ಆಸ್ಟ್ರೇಲಿಯಾ ತನ್ನ ಜನರನ್ನೇ ಕೇಳಿತು. 'ಹೌದು' ಎನ್ನುವ ಕಡೆಯಿಂದ ಜನರ ಮುಂದೆ ನಿಂತ ಮುಖಗಳಲ್ಲಿ ಇದೇ ಶ್ಯಾರನ್‌ಳ ಮುಖವೂ ಒಂದು. ನಗಿಸೋಕೆ ಅಂತಲೇ ಟೀವಿಗೆ ಬಂದವರ ಮಾತಿಗೆ ಇಷ್ಟು ತೂಕ ಬಂದದ್ದು ಹೇಗೆ? ಸ್ವಲ್ಪ ಹಿಂದಿನಿಂದ ನೋಡಬೇಕು.

ಮ್ಯಾಗ್ಡಾ ಹುಟ್ಟಿದ್ದು 1961ರಲ್ಲಿ, ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ. ಅಮ್ಮ ಸ್ಕಾಟ್ಲೆಂಡಿನವರು. ಅಪ್ಪ ಪೋಲೆಂಡಿನವರು. ಹುಡುಗಿಗೆ ಐದು ವರ್ಷವಾದಾಗ ಮನೆಯವರೆಲ್ಲ ಗಂಟುಮೂಟೆ ಕಟ್ಟಿ ಆಸ್ಟ್ರೇಲಿಯಾಕ್ಕೆ ಬಂದರು. ಬೆಳೆದದ್ದು ಮೆಲ್ಬರ್ನ್‌ನ ಹೊರವಲಯದ ಕ್ರಾಯ್ಡನ್‌ನಲ್ಲಿ. ಅಕ್ಕಪಕ್ಕದವರ ನಾಲಿಗೆ ತೊಡರುವಂಥ ಹೆಸರು ಹೊತ್ತುಕೊಂಡು ಬೆಳೆದ ಮಗು. ಮುಂದೆ ಶ್ಯಾರನ್‌ಗೂ ಅಂಥದೇ ಪೋಲಿಷ್ ಮನೆಹೆಸರು ಅಂಟಿಕೊಂಡಿತು. ತಮಾಷೆ ಏನೆಂದರೆ, ಸ್ಟ್ರೆಜ್‌ಲೆಕಿ ಎಂಬ ಹೆಸರು ಆಸ್ಟ್ರೇಲಿಯಾದವರಿಗೆ ಹೊಸದೇನಲ್ಲ. 1840ರಲ್ಲಿ ಆ ದೇಶದ ಅತಿ ಎತ್ತರದ ಬೆಟ್ಟವನ್ನು ಹತ್ತಿ ಅದಕ್ಕೆ ಕೊಸಿಯಾಸ್ಕೊ ಅಂತ ಹೆಸರಿಟ್ಟ ಪೋಲಿಷ್ ಅನ್ವೇಷಕನ ಹೆಸರದು. ವಿಕ್ಟೋರಿಯಾದಲ್ಲಿ ಅವನ ಹೆಸರಿನ ಬೆಟ್ಟಸಾಲೇ ಇದೆ. ಉಚ್ಚಾರ ಮಾತ್ರ ಪೂರ್ತಿ ಆಸ್ಟ್ರೇಲಿಯಾದ್ದು. ಪೋಲೆಂಡಿನವರು ಕೇಳಿದರೆ ಕಿವಿ ಮುಚ್ಚಿಕೊಂಡಾರು.

ಹಾಸ್ಯದ ರುಚಿ ಹತ್ತಿದ್ದು ಮೆಲ್ಬರ್ನ್ ವಿಶ್ವವಿದ್ಯಾಲಯದಲ್ಲಿ. ಅಲ್ಲಿ ಹುಡುಗ ಹುಡುಗಿಯರು ಸೇರಿ ಅಣಕು ನಾಟಕ ಆಡುತ್ತಿದ್ದರು. ಆ ಗುಂಪನ್ನು ಎಬಿಸಿ ವಾಹಿನಿ ಕರೆದು ಟೀವಿಗೆ ಹತ್ತಿಸಿತು. ಅದೇ 1986ರ 'ದಿ ಡೀ-ಜೆನರೇಷನ್'. ಮೂರು ವರ್ಷಕ್ಕೆ ಸೆವೆನ್ ವಾಹಿನಿಯಲ್ಲಿ 'ಫಾಸ್ಟ್ ಫಾರ್ವರ್ಡ್' ಬಂತು. ಚಿಕ್ಕ ಚಿಕ್ಕ ಪ್ರಹಸನಗಳ ಕಾರ್ಯಕ್ರಮ. ಮ್ಯಾಗ್ಡಾ ಮನೆಮಾತಾದದ್ದು ಇಲ್ಲಿಂದ. ಅದರಲ್ಲೂ ಲಿನ್ ಪಾಸಲ್‌ತ್ವೇಟ್ ಎಂಬ ಹರಟೆಮಲ್ಲಿ. 'ನಾನು ಹಂಗಂದೆ, ನಾನು ಹಿಂಗಂದೆ' ಅಂತ ಶುರುಮಾಡಿದರೆ ನಿಲ್ಲಿಸೋದೇ ಇಲ್ಲ. ಅಂಥವರು ಪ್ರತಿ ಬೀದಿಯಲ್ಲೂ ಒಬ್ಬರು ಇರುತ್ತಾರೆ, ಅಲ್ವಾ?

ಇಲ್ಲಿ ಒಂದು ಸಂಗತಿ ಗಮನಿಸಬೇಕು. ಆಗ ಪ್ರಹಸನಗಳಲ್ಲಿ ಹೆಂಗಸರ ಪಾಲಿಗೆ ಸಾಮಾನ್ಯವಾಗಿ ಬರುತ್ತಿದ್ದದ್ದು ಹೆಂಡತಿ, ಸೆಕ್ರೆಟರಿ, ನರ್ಸ್ ಥರದ ಪಾತ್ರಗಳು. ಜೋಕು ಹೇಳುವವನು ಗಂಡಸು, ಪಕ್ಕದಲ್ಲಿ ನಿಲ್ಲುವವಳು ಹೆಂಗಸು. ಪಾತ್ರ ಬೇಕೆಂದರೆ ನಾವೇ ಬರೆದುಕೊಳ್ಳಬೇಕು ಅಂತ ಮೂವರು ಹೆಂಗಸರು ಹೊರಟರು. ಮ್ಯಾಗ್ಡಾ, ಜೇನ್ ಟರ್ನರ್, ಜೀನಾ ರೈಲಿ. 1994ರಲ್ಲಿ ಅವರದೇ ಕಾರ್ಯಕ್ರಮ ಬಂತು. ಹೆಸರು 'ಬಿಗ್ ಗರ್ಲ್ಸ್ ಬ್ಲೌಸ್'. ಪುಕ್ಕಲು ಗಂಡಸನ್ನು ಆಡಿಕೊಳ್ಳೋಕೆ ಬಳಸುವ ಬೈಗುಳ ಅದು. ಹೆಣ್ಣಿನ ರವಿಕೆಯನ್ನೇ ಬೈಗುಳ ಮಾಡಿದ್ದವರ ಮಾತನ್ನು ಇವರು ತಿರುಗಿಸಿ ಬೋರ್ಡು ಹಾಕಿಕೊಂಡರು.

ಕಾರ್ಯಕ್ರಮ ಜಾಸ್ತಿ ದಿನ ನಡೆಯಲಿಲ್ಲ. ಆದರೆ ಕ್ಯಾಥ್, ಅವಳ ಮಗಳು ಕಿಮ್, ಜೊತೆಗೆ ಶ್ಯಾರನ್, ಈ ಮೂವರೂ ಮೊದಲು ಕಾಣಿಸಿಕೊಂಡದ್ದು ಅಲ್ಲೇ. ಅದಕ್ಕೆ ಎರಡು ವರ್ಷ ಮೊದಲು 'ಸಿಲ್ವೇನಿಯಾ ವಾಟರ್ಸ್' ಅಂತ ಒಂದು ನಿಜಜೀವನದ ಸರಣಿ ಬಂದಿತ್ತು. ದುಡ್ಡಿರುವ ಒಂದು ಕುಟುಂಬದ ಮನೆಯೊಳಗೆ ಕ್ಯಾಮೆರಾ ಇಟ್ಟು, ಅವರ ಜಗಳ ರಂಪ ಎಲ್ಲ ತೋರಿಸಿತ್ತು. ಅಂಥ ಕ್ಯಾಮೆರಾ ಒಂದು ಹೊಸ ಬಡಾವಣೆಯ ತಾಯಿ ಮಗಳ ಮನೆಗೆ ನುಗ್ಗಿದರೆ ಹೇಗಿರುತ್ತದೆ? ಟರ್ನರ್ ಮತ್ತು ರೈಲಿ ಬೆಳೆಸಿದ್ದು ಅದನ್ನೇ.

ಈ ನಡುವೆ ಹೊರದೇಶದವರು ಮ್ಯಾಗ್ಡಾರನ್ನು ನೋಡಿದರು. 1995ರ 'ಬೇಬ್' ಸಿನಿಮಾ ನೆನಪಿದೆಯಾ? ಕುರಿ ಕಾಯುವ ಹಂದಿಮರಿಯ ಕತೆ. ಅದರಲ್ಲಿ ರೈತ ಹಾಗೆಟ್‌ನ ಹೆಂಡತಿ ಎಸ್ಮೆ, ದುಂಡಗಿನ ಕೆನ್ನೆಯ ಮುದುಕಿ. ಆ ಮುದುಕಿಗೆ ಆಗ ವಯಸ್ಸು ಮೂವತ್ತೈದೂ ದಾಟಿರಲಿಲ್ಲ! ಗಂಡನ ಪಾತ್ರದ ಜೇಮ್ಸ್ ಕ್ರಾಮ್‌ವೆಲ್ ಆಕೆಗಿಂತ ಇಪ್ಪತ್ತೊಂದು ವರ್ಷ ದೊಡ್ಡವರು. ಚಿತ್ರಕ್ಕೆ ಏಳು ಆಸ್ಕರ್ ನಾಮನಿರ್ದೇಶನ ಬಂತು. ದೃಶ್ಯ ಪರಿಣಾಮಗಳಿಗೆ ಪ್ರಶಸ್ತಿಯೂ ಸಿಕ್ಕಿತು. ನನಗೆ ಇದರಲ್ಲಿ ಬೇರೆಯದೇ ಕಾಣುತ್ತದೆ. ದಪ್ಪಗಿರುವ ಹೆಂಗಸು ತೆರೆಯ ಮೇಲೆ ಅಜ್ಜಿಯಾಗಬಹುದು, ವಿದೂಷಕಿಯಾಗಬಹುದು. ಮೂವತ್ತರ ಹೆಣ್ಣಾಗಿ ಸುಮ್ನೆ ಬಂದು ನಿಲ್ಲೋಕೆ ಜಾಗ ಇರಲಿಲ್ಲ.

'ಕ್ಯಾಥ್ ಅಂಡ್ ಕಿಮ್' ಪೂರ್ಣ ಸರಣಿಯಾಗಿ ಎಬಿಸಿಯಲ್ಲಿ ಶುರುವಾದದ್ದು 2002ರಲ್ಲಿ. ಕತೆ ನಡೆಯೋದು ಮೆಲ್ಬರ್ನ್‌ನ ಫೌಂಟನ್ ಲೇಕ್ಸ್ ಎಂಬ ಕಲ್ಪನೆಯ ಬಡಾವಣೆಯಲ್ಲಿ. ಮಾಲ್, ಸೇಲ್, ಚಾರ್ಡೊನೆ ವೈನು, ಗಂಡನ ಜೊತೆ ಮುನಿಸಿಕೊಂಡು ತವರಿಗೆ ಬಂದು ಕೂತ ಕಿಮ್. ಶ್ಯಾರನ್ ಅವಳ 'ಎರಡನೇ' ಆಪ್ತ ಗೆಳತಿ. ಮೊದಲನೆಯವಳು ಯಾರು ಅಂತ ಕೇಳಬೇಡಿ. ಕಿಮ್ ಅವಳನ್ನು ಆಳಿನ ಹಾಗೆ ಓಡಾಡಿಸುತ್ತಾಳೆ, ಕಂಡ ಕಂಡಲ್ಲಿ ಹಂಗಿಸುತ್ತಾಳೆ. ಆದರೂ ಶ್ಯಾರನ್ ಮಾರನೇ ದಿನ ಬಾಗಿಲಲ್ಲಿ ಹಾಜರು.

ಶ್ಯಾರನ್‌ಳ ಗುಟ್ಟು ಇರುವುದು ಇಲ್ಲೇ. ಅವಳ ಮೈ ನೋಡಿ ನಗಬೇಕು ಅಂತ ಕೂತವರು ಎರಡು ಕಂತು ಮುಗಿಯುವಷ್ಟರಲ್ಲಿ ಅವಳ ಪಕ್ಷ ವಹಿಸಿರುತ್ತಾರೆ. ಮ್ಯಾಗ್ಡಾ ಅವಳನ್ನು ಅಳುಮುಂಜಿ ಮಾಡಲಿಲ್ಲ. ಬಿದ್ದರೂ ಎದ್ದು, ಮೊಣಕಾಲು ಒರೆಸಿಕೊಂಡು, ಮತ್ತೆ ಆಟಕ್ಕೆ ಓಡುವ ಹುಡುಗಿ ಮಾಡಿದರು. 2007ರಲ್ಲಿ ಸರಣಿ ಸೆವೆನ್ ವಾಹಿನಿಗೆ ಹೋದಾಗ ಮೊದಲ ಕಂತನ್ನು ಸುಮಾರು 25 ಲಕ್ಷ ಜನ ನೋಡಿದರು. ಆಗ ಆ ದೇಶದ ಜನಸಂಖ್ಯೆಯೇ ಎರಡು ಕೋಟಿ ಚಿಲ್ಲರೆ. ಮರುವರ್ಷ ಅಮೆರಿಕದವರು ಅದನ್ನೇ ತಮ್ಮ ಹಾಗೆ ಮಾಡಿಕೊಂಡರು. ಒಂದೇ ಸೀಸನ್‌ಗೆ ಅಂಗಡಿ ಮುಚ್ಚಿತು.

ತೆರೆಯ ಮೇಲಿನ ಮೈ ಒಂದು ಕತೆಯಾದರೆ ತೆರೆಯಾಚೆಯದು ಇನ್ನೊಂದು. ಸರಣಿ ಮುಗಿದ ಮೇಲೆ ಮ್ಯಾಗ್ಡಾ ತೂಕ ಇಳಿಸುವ ಕಂಪನಿ ಜೆನ್ನಿ ಕ್ರೇಗ್‌ನ ಜಾಹೀರಾತಿನ ಮುಖವಾದರು. ಹತ್ತಾರು ಕಿಲೋ ಇಳಿದಾಗ ಪತ್ರಿಕೆಗಳಲ್ಲಿ ದೊಡ್ಡ ಸುದ್ದಿ. ಮತ್ತೆ ಏರಿದಾಗ ಅದೂ ಸುದ್ದಿ. ಇಷ್ಟು ವರ್ಷ ತನ್ನ ಮೈಯ ಜೋಕನ್ನು ತಾನೇ ಬರೆದುಕೊಂಡಿದ್ದವರ ಕೈಯಿಂದ ಪೆನ್ನು ಬೇರೆಯವರ ಕೈಗೆ ಹೋಗಿತ್ತು.

ಇನ್ನೊಂದು ವಿಷಯವನ್ನು ಅವರು ಯಾರ ಕೈಗೂ ಕೊಟ್ಟಿರಲಿಲ್ಲ. 2012ರ ಫೆಬ್ರವರಿ 14, ಪ್ರೇಮಿಗಳ ದಿನ. ಟೆನ್ ವಾಹಿನಿಯ 'ದಿ ಪ್ರಾಜೆಕ್ಟ್' ಕಾರ್ಯಕ್ರಮದಲ್ಲಿ ಕೂತು, ತಾನು ಸಲಿಂಗಿ ಎಂದು ಹೇಳಿಕೊಂಡರು. ಆಗ ವಯಸ್ಸು ಐವತ್ತು. ಕಾರ್ಯಕ್ರಮಕ್ಕೆ ಬಂದದ್ದೇ ಮದುವೆಯ ಹಕ್ಕಿನ ಬಗ್ಗೆ ಮಾತಾಡೋಕೆ. ಹಿನ್ನೆಲೆ ಹೀಗಿತ್ತು: 2004ರಲ್ಲಿ ಜಾನ್ ಹೋವರ್ಡ್ ಸರ್ಕಾರ ಮದುವೆ ಕಾಯ್ದೆ ತಿದ್ದಿ, ಮದುವೆ ಅಂದರೆ ಒಂದು ಗಂಡು ಒಂದು ಹೆಣ್ಣಿನದ್ದು ಮಾತ್ರ ಅಂತ ಬರೆದಿತ್ತು. ಅದನ್ನು ಬದಲಿಸಿ ಎಂಬ ಕೂಗು ಅಲ್ಲಿಂದಲೂ ಇತ್ತು.

2015ರಲ್ಲಿ ಅವರ ಆತ್ಮಕತೆ 'ರೆಕನಿಂಗ್' ಬಂತು. ಓದಿದವರಿಗೆ ಬೆರಗಾದದ್ದು ಅಪ್ಪನ ಭಾಗ. ಜರ್ಮನಿ ಪೋಲೆಂಡಿಗೆ ನುಗ್ಗಿದಾಗ ಜ್ಬಿಗ್ನ್ಯೆವ್ ಶುಬಾನ್ಸ್ಕಿ ವಾರ್ಸಾದಲ್ಲಿದ್ದ ಹದಿನೈದರ ಹುಡುಗ. ಮುಂದೆ ಭೂಗತ ಹೋರಾಟ ಸೇರಿ, ನಾಜಿಗಳ ಜೊತೆ ಕೈಜೋಡಿಸಿದ ದ್ರೋಹಿಗಳನ್ನು ಮುಗಿಸುವ ತಂಡದಲ್ಲಿ ಕೆಲಸ ಮಾಡಿದವರು. ಕ್ರಾಯ್ಡನ್‌ನಲ್ಲಿ ಮಗಳ ಪಾಲಿಗೆ ಅವರು ಬರೀ ಅಪ್ಪ. ಹೇಳದೆ ಇಟ್ಟುಕೊಂಡ ಮಾತು ಮನೆಯಲ್ಲಿ ಹೇಗೆ ಓಡಾಡುತ್ತದೆ ಅನ್ನೋದು ಪುಸ್ತಕದ ಎಳೆ. ಅಪ್ಪನದೊಂದು ಗುಟ್ಟು, ಮಗಳದೊಂದು. ಮರುವರ್ಷ ಆಸ್ಟ್ರೇಲಿಯಾದ ಪುಸ್ತಕೋದ್ಯಮ ಅದನ್ನು ವರ್ಷದ ಪುಸ್ತಕ ಎಂದು ಆರಿಸಿತು.

ಹಾಗಾಗಿ 2017ರಲ್ಲಿ ಅಂಚೆ ಮತ ಶುರುವಾದಾಗ ಜನರಿಗೆ ಶ್ಯಾರನ್ ಗೊತ್ತಿದ್ದಳು, ಮ್ಯಾಗ್ಡಾರೂ ಗೊತ್ತಾಗಿದ್ದರು. ಎಬಿಸಿಯ 'ಕ್ಯೂ ಅಂಡ್ ಎ' ಚರ್ಚೆಯಲ್ಲಿ ಧರ್ಮಗುರುಗಳ ಎದುರು ಕೂತು ಮಾತಾಡಿದರು. ಕ್ಯಾಥೊಲಿಕ್ ಆಗಿ ಬೆಳೆದವರು, ಚರ್ಚಿನ ಭಾಷೆ ಬಲ್ಲವರು. ಜೋರು ದನಿ ಮಾಡಲಿಲ್ಲ. ನಗಿಸುವವರು ಗಂಭೀರವಾದರೆ ಕೇಳುವವರು ಕಿವಿ ನಿಮಿರಿಸುತ್ತಾರೆ. ನವೆಂಬರ್ 15ಕ್ಕೆ ಫಲಿತಾಂಶ ಬಂತು. ಮತದಾರರಲ್ಲಿ ಶೇ. 79.5ರಷ್ಟು ಜನ ಮತ ಕಳಿಸಿದ್ದರು. ಅವರಲ್ಲಿ ಶೇ. 61.6ರಷ್ಟು ಮಂದಿ 'ಹೌದು' ಅಂದಿದ್ದರು. ಡಿಸೆಂಬರ್‌ನಲ್ಲಿ ಕಾನೂನೂ ಆಯಿತು. ಇದು ಒಬ್ಬರ ಗೆಲುವು ಅನ್ನೋದು ತಪ್ಪು. ದಶಕಗಳಿಂದ ಬೀದಿಯಲ್ಲಿ ನಿಂತವರಿದ್ದರು. ಆದರೆ ಯಾವ ಮೆರವಣಿಗೆಗೂ ಹೋಗದ ಬಡಾವಣೆಯ ಅಮ್ಮಂದಿರ ಮನೆಯೊಳಗೆ ಶ್ಯಾರನ್ ಹದಿನೈದು ವರ್ಷದಿಂದ ಕೂತಿದ್ದಳಲ್ಲ!

ಮರುವರ್ಷ 'ನೇಬರ್ಸ್' ಧಾರಾವಾಹಿಯಲ್ಲಿ ಇಬ್ಬರು ಗಂಡಸರ ಮದುವೆ ನಡೆಯಿತು. ಆಸ್ಟ್ರೇಲಿಯಾ ಟೀವಿಯ ಮೊದಲ ಸಲಿಂಗ ಮದುವೆ ಎಂದೇ ಸುದ್ದಿಯಾಯಿತು. ಮದುವೆ ಮಾಡಿಸುವ ಅಧಿಕಾರಿಯ ಪಾತ್ರ ಯಾರದೆಂದು ಹೇಳಬೇಕಾಗಿಲ್ಲ. 2019ರಲ್ಲಿ ಸರ್ಕಾರದ 'ಆರ್ಡರ್ ಆಫ್ ಆಸ್ಟ್ರೇಲಿಯಾ' ಗೌರವವೂ ಬಂತು.

2025ರ ಆಗಸ್ಟ್‌ನಲ್ಲಿ ಮ್ಯಾಗ್ಡಾರ ಹೆಸರು ಟೀವಿಯವರ ದೊಡ್ಡ ಗೌರವವಾದ ಲೋಗಿ ಹಾಲ್ ಆಫ್ ಫೇಮ್ ಸೇರಿತು. ಅವರು ವಿಡಿಯೋದಲ್ಲೇ ಮಾತಾಡಿದರು. ಮೇ ತಿಂಗಳಲ್ಲೇ ಅವರು ತಮಗೆ ನಾಲ್ಕನೇ ಹಂತದ ಮ್ಯಾಂಟಲ್ ಸೆಲ್ ಲಿಂಫೋಮಾ ಇದೆ ಎಂದು ಹೇಳಿದ್ದರು. ವೇಗವಾಗಿ ಹರಡುವ ರಕ್ತದ ಕ್ಯಾನ್ಸರ್. ತಲೆ ಬೋಳಿಸಿಕೊಂಡು, ಯಾವ ವೇಷವೂ ಇಲ್ಲದೆ ಇನ್‌ಸ್ಟಾಗ್ರಾಂನಲ್ಲಿ ಕಾಣಿಸಿಕೊಂಡಿದ್ದರು. ಔಷಧದಿಂದ ಮೈಯ ರೋಗನಿರೋಧಕ ಶಕ್ತಿ ಕುಂದಿರುತ್ತದೆ. ಅದಕ್ಕೇ ಅಭಿಮಾನಿಗಳಲ್ಲಿ ಒಂದು ಬೇಡಿಕೆ ಇಟ್ಟರು: ಎಲ್ಲಾದರೂ ಸಿಕ್ಕರೆ ತಬ್ಬಿಕೊಳ್ಳಬೇಡಿ, ಮುತ್ತು ಕೊಡಬೇಡಿ, ಹತ್ತಿರ ಬಂದು ಉಸಿರು ಕೂಡ ಬಿಡಬೇಡಿ.