ಛೇದದಲ್ಲಿ ಯಾರ್ಯಾರಿದ್ದಾರೆ? ಅಂತ್ಯಗೊಳ್ಳುವ ದಶಮಾಂಶದ ಟಿಪ್ಪಣಿ

ಮದ್ದೂರು ಕಡೆ ನಮ್ಮದೊಂದು ಗದ್ದೆ ಇದೆ. ಪಹಣಿಯಲ್ಲಿ 1-20 ಅಂತಿದೆ, ಅಂದರೆ ಒಂದು ಎಕರೆ ಇಪ್ಪತ್ತು ಗುಂಟೆ. ಯಾವುದೋ ಅರ್ಜಿಗೆ ವಿಸ್ತೀರ್ಣ ಎಕರೆ ಲೆಕ್ಕದಲ್ಲಿ ಬೇಕಿತ್ತು, ನಾನು ಸುಮ್ನೆ 1.20 ಅಂತ ಬರೆದುಬಿಟ್ಟೆ. ದೊಡ್ಡಪ್ಪ ಕನ್ನಡಕ ಏರಿಸಿ ನೋಡಿದರು. "ಏನ್ಲಾ, ಹನ್ನೆರಡು ಗುಂಟೆ ಯಾರ್ಗೆ ಬರ್ಕೊಟ್ಟೆ?" ಅಂದರು. ಲೆಕ್ಕ ಹಾಕಿದರೆ ಅವರು ಹೇಳಿದ್ದೇ ಸರಿ. ಎಕರೆಗೆ 40 ಗುಂಟೆ, ಹಾಗಾಗಿ 1.20 ಎಕರೆ ಅಂದರೆ 48 ಗುಂಟೆ, ನಮ್ಮದು 60. ಬರೆಯಬೇಕಿದ್ದದ್ದು 60/40, ಅಂದರೆ 1.5.

ಅವಮಾನ ಆಯ್ತಲ್ಲ, ಅವತ್ತು ರಾತ್ರಿ ಕೂತು 1 ಗುಂಟೆಯಿಂದ 39 ಗುಂಟೆವರೆಗೆ ಎಲ್ಲವನ್ನೂ ಎಕರೆಗೆ ತಿರುಗಿಸಿದೆ. 1 ಗುಂಟೆ 0.025. 7 ಗುಂಟೆ 0.175. 13 ಗುಂಟೆ 0.325. ಒಂದೂ ಮುಗಿಯದೆ ಓಡಲಿಲ್ಲ, ಮೂರು ಸ್ಥಾನ ದಾಟಲೂ ಇಲ್ಲ. ಪರೀಕ್ಷೆಯಲ್ಲಿ "ಭಾಗಾಕಾರ ಮಾಡದೆ ಹೇಳಿ, ಇದು ಅಂತ್ಯಗೊಳ್ಳುವ ದಶಮಾಂಶವೇ?" ಅಂತ, ಅಂದರೆ ಬಿಂದುವಿನ ನಂತರದ ಅಂಕಿಗಳು ಎಲ್ಲಾದರೂ ನಿಲ್ಲುತ್ತವೆಯೇ ಅಂತ, ಕೇಳುತ್ತಾರಲ್ಲ, ಅದರ ಗುಟ್ಟೆಲ್ಲ ಈ 40 ರಲ್ಲೇ ಇದೆ.

ಅಂತ್ಯಗೊಳ್ಳುವ ದಶಮಾಂಶ ಅಂದರೆ ಏನು ಮೊದಲು ನೋಡಿ. ಛೇದ, ಅಂದರೆ ಕೆಳಗಿನ ಸಂಖ್ಯೆ, 10, 100, 1000 ಹೀಗೆ ಇರುವ ಭಿನ್ನರಾಶಿ, ಅಷ್ಟೇ. 0.175 ಅಂದರೆ 175/1000. ಈಗ 1000 ಅನ್ನು ಅವಿಭಾಜ್ಯ ಸಂಖ್ಯೆಗಳ ಗುಣಲಬ್ಧವಾಗಿ ಒಡೆದರೆ ಮೂರು 2, ಮೂರು 5, ಬೇರೆ ಏನೂ ಸಿಗುವುದಿಲ್ಲ. 40 ಒಡೆದರೆ 2×2×2×5. ಮೂರು 2 ಆಗಲೇ ಇವೆ, 5 ಮಾತ್ರ ಎರಡು ಕಮ್ಮಿ. ಆ ಎರಡನ್ನು ನಾವೇ ಕೊಟ್ಟರಾಯಿತು. 7/40 ರ ಮೇಲೂ ಕೆಳಗೂ 25 ರಿಂದ ಗುಣಿಸಿ, 175/1000 ಬಂತು. ಭಾಗಾಕಾರವೇ ಬೇಡ.

ಛೇದದಲ್ಲಿ 3 ಇದ್ದರೆ? 10 ರ ಹಿಂದೆ ಎಷ್ಟು ಸೊನ್ನೆ ಹಾಕಿದರೂ ಒಡೆದಾಗ ಬರುವುದು ಬರೀ 2 ಮತ್ತು 5. 3 ಎಲ್ಲಿಂದ ಬರಬೇಕು? ಕೆಳಗೆ ಏನು ಗುಣಿಸಿದರೂ 3 ಅಲ್ಲೇ ಕೂತಿರುತ್ತದೆ, ಅದು 10 ಆಗಲ್ಲ, 1000 ಆಗಲ್ಲ. 7, 11, 13 ಇವಕ್ಕೂ ಇದೇ ಗತಿ.

ಸರಿ, ಮುಗಿಯಲ್ಲ, ಆದರೆ ಮತ್ತೆ ಮತ್ತೆ ಅದೇ ಅಂಕಿಗಳು ಯಾಕೆ ಬರುತ್ತವೆ? 1/7 ಅನ್ನು ಒಮ್ಮೆ ಕೈಯಾರೆ ಭಾಗಿಸಿ, ಭಾಗಲಬ್ಧ ಬಿಟ್ಟು ಶೇಷದ ಮೇಲೆ ಕಣ್ಣಿಡಿ. 10 ರಲ್ಲಿ 7 ಹೋಗಿ 3. 30 ರಲ್ಲಿ 28 ಹೋಗಿ 2. 20 ರಲ್ಲಿ 14 ಹೋಗಿ 6. ಆಮೇಲೆ 4, ಆಮೇಲೆ 5, ಆಮೇಲೆ 1. ಅಲ್ಲಿಗೆ ಹೊರಟ ಜಾಗಕ್ಕೇ ಬಂದೆವು. 7 ರಿಂದ ಭಾಗಿಸುವಾಗ ಉಳಿಯಬಹುದಾದ ಶೇಷ 1 ರಿಂದ 6 ರವರೆಗೆ ಮಾತ್ರ, ಸೊನ್ನೆ ಬರುವ ಹಾಗಿಲ್ಲ, ಅಂದ ಮೇಲೆ ಯಾವುದಾದರೂ ಒಂದು ಶೇಷ ಎರಡನೇ ಸಲ ಬರಲೇಬೇಕು ಅಲ್ವಾ? ಅದು ಬಂದ ತಕ್ಷಣ 142857 ಮತ್ತೆ ಶುರು.

ಈಗ ಎಲ್ಲರೂ ಜಾರಿ ಬೀಳುವ ಜಾಗ. ನಮ್ಮ 60 ಗುಂಟೆಯನ್ನು ಮೂರು ಜನ ಅಣ್ಣತಮ್ಮಂದಿರು ಹಂಚಿಕೊಂಡರು ಅಂದುಕೊಳ್ಳಿ. ಒಬ್ಬನ ಪಾಲು 60/120 ಎಕರೆ. 120 ಒಡೆದರೆ 2×2×2×3×5. 3 ಕಾಣಿಸಿತು, "ಮುಗಿಯಲ್ಲ" ಅಂತ ಬರೆದರೆ ಅಂಕ ಹೋಯಿತು. ಮೇಲಿನ 60 ರಲ್ಲೂ 3 ಇದೆ, ಎರಡೂ ಹೊಡೆದುಹೋಗುತ್ತವೆ, ಉಳಿಯುವುದು 1/2. ಅದಕ್ಕೇ ಮೊದಲು ಸಂಕ್ಷೇಪಿಸಿ, ಆಮೇಲೆ ಛೇದ ನೋಡಿ. ಬರೀ ಒಂದು ಎಕರೆ ಇದ್ದಿದ್ದರೆ ಪಾಲು 40/120, ಅಂದರೆ 1/3, ಮುಗಿಯುವ ಮಾತೇ ಇಲ್ಲ. ಒಬ್ಬೊಬ್ಬರಿಗೆ 13 ಗುಂಟೆ, ಗುಂಟೆಗೆ 16 ಆಣೆ ಲೆಕ್ಕದಲ್ಲಿ ಇನ್ನು 5 ಆಣೆ, ಅದರ ಮೇಲೂ ಆಣೆಯ ಮೂರನೇ ಒಂದು ಪಾಲು. ಆ ಕೊನೇ ಚೂರು ಸುಮಾರು 23 ಚದರ ಅಡಿ, ಒಂದು ಮಂಚ ಹಾಕುವಷ್ಟು. ಅಷ್ಟಕ್ಕೇ ಜಗಳ ಆಡುವವರನ್ನು ನಮ್ಮೂರಲ್ಲಿ ನೋಡಿದ್ದೇನೆ ಬಿಡಿ.

ಇಲ್ಲೊಂದು ಸಣ್ಣ ಲಾಭ ಇದೆ. ಛೇದದಲ್ಲಿ ಬರೀ 2, 5 ಇದ್ದರೆ ಸಂಕ್ಷೇಪಿಸದೆಯೇ "ಅಂತ್ಯಗೊಳ್ಳುತ್ತದೆ" ಅನ್ನಬಹುದು, ತಪ್ಪಾಗಲ್ಲ. "ಇಲ್ಲ" ಅನ್ನುವ ಮುಂಚೆ ಮಾತ್ರ ಸಂಕ್ಷೇಪಿಸಲೇಬೇಕು. ಎಷ್ಟು ಸ್ಥಾನಕ್ಕೆ ಮುಗಿಯುತ್ತದೆ ಅಂತ ಕೇಳಿದರೂ ಸಂಕ್ಷೇಪಿಸಬೇಕು, ಯಾಕೆಂದರೆ 20/40 ಕ್ಕೆ ಮೂರು ಸ್ಥಾನ ಬೇಡ, 0.5 ಕ್ಕೇ ನಿಂತಿತು.

ಸ್ಥಾನದ ಲೆಕ್ಕ ಸುಲಭ. 2 ಎಷ್ಟಿವೆ, 5 ಎಷ್ಟಿವೆ ಎಣಿಸಿ, ಯಾವುದು ಜಾಸ್ತಿಯೋ ಅಷ್ಟು ಸ್ಥಾನ. ಒಂದು ಆಣೆ ಜಮೀನು ಎಕರೆಯ 1/640. 640 ರಲ್ಲಿ ಏಳು 2, ಒಂದು 5. ಹಾಗಾಗಿ ಏಳು ಸ್ಥಾನ: 0.0015625.

ಕ್ಯಾಲ್ಕುಲೇಟರ್ ನಂಬಿ ಹೇಳಲು ಹೋಗಬೇಡಿ. 1/512 ಒಂಬತ್ತು ಸ್ಥಾನಕ್ಕೆ ಚೆನ್ನಾಗಿ ಮುಗಿಯುತ್ತದೆ, 0.001953125. ಎಂಟು ಅಂಕಿಯ ಅಂಗಡಿ ಕ್ಯಾಲ್ಕುಲೇಟರಿನಲ್ಲಿ ಬಾಲ ಕತ್ತರಿಸಿಹೋಗಿ ಮುಗಿಯದ ಹಾಗೆ ಕಾಣುತ್ತದೆ. 1/17 ಅಂತೂ ಹದಿನಾರು ಅಂಕಿ ಆದ ಮೇಲೆ ತಿರುಗಿ ಬರುತ್ತದೆ, ಅಷ್ಟು ದೂರ ಆ ಅಂಗಡಿ ಕ್ಯಾಲ್ಕುಲೇಟರಿನ ಪರದೆ ತೋರಿಸಲ್ಲ.

ಹಳೇ ಕಾಸಿನಲ್ಲೂ ಇದೇ ತಕರಾರು. 1957 ರಲ್ಲಿ ರೂಪಾಯಿಗೆ 100 ನಯಾಪೈಸೆ ಆದಾಗ ಆಣೆ, ರೂಪಾಯಿಯ 1/16, ಸರಿಯಾಗಿ 6.25 ಪೈಸೆಗೆ ಕೂತಿತು. ಆಣೆಗೆ 12 ಪೈ ಇತ್ತಲ್ಲ, ಆ ಪೈ ರೂಪಾಯಿಯ 1/192. 192 ರಲ್ಲಿ ಒಂದು 3 ಅಡಗಿದೆ. ಹಾಗಾಗಿ ಒಂದು ಪೈ ಅಂದರೆ 0.5208333… ಪೈಸೆ, ಕೊನೆಯೇ ಇಲ್ಲ.

ಮಾಡಿ ನೋಡಲು ಒಂದಿಷ್ಟು. 9/75 ಸಂಕ್ಷೇಪಿಸಿದರೆ 3/25, ಅದು 0.12. 21/1400 ರಲ್ಲಿ 7 ನೋಡಿ ಹೆದರಬೇಡಿ, 3/200 ಆಗಿ 0.015 ಬರುತ್ತದೆ. 77/210 ರಲ್ಲಿ 7 ಹೋದರೂ 11/30 ಉಳಿಯುತ್ತದೆ, ಆ 30 ರಲ್ಲಿ 3 ಇದೆ, ಮುಗಿಯಲ್ಲ. 11/1250 ಕ್ಕೆ ಒಂದು 2, ನಾಲ್ಕು 5, ಅಂದರೆ 8 ರಿಂದ ಗುಣಿಸಿ 88/10000, ಉತ್ತರ 0.0088.

ಒಂದು ನಿಮಗೇ ಬಿಟ್ಟಿದ್ದೇನೆ. ಮಂಡ್ಯದಿಂದ ಮೈಸೂರಿಗೆ ಹೋಗುವ ಬಸ್ಸು 20 ನಿಮಿಷ ತಡ ಆದರೆ ಗಂಟೆ ಲೆಕ್ಕದಲ್ಲಿ 0.333…, 21 ನಿಮಿಷ ತಡ ಆದರೆ ನೀಟಾಗಿ 0.35. 1 ರಿಂದ 60 ರವರೆಗಿನ ನಿಮಿಷಗಳಲ್ಲಿ ಹೀಗೆ ಮುಗಿಯುವವು ಎಷ್ಟು? ನನಗೆ ಬಂದ ಉತ್ತರ 20. ಯಾವ 20 ಅಂತ ನೀವು ಹೇಳಿ.